ಕಾನೂನುಬಾಹಿರ ಬಂಧನಕ್ಕೆ ಪರಿಹಾರ

ಕಾನೂನುಬಾಹಿರ ಬಂಧನಕ್ಕೆ ಪರಿಹಾರ ಎಂದರೆ, ಕಾನೂನಿನ ಆಧಾರವಿಲ್ಲದೆ ಅಥವಾ ಕಾನೂನು ವಿಧಿಸಿದ ಕ್ರಮವನ್ನು ಉಲ್ಲಂಘಿಸಿ ಬಂಧನದಲ್ಲಿಟ್ಟ ವ್ಯಕ್ತಿಗೆ ಸರ್ಕಾರವು ಹಣದ ರೂಪದಲ್ಲಿ ಕೊಡಬೇಕೆಂದು ನ್ಯಾಯಾಲಯವು ಆದೇಶಿಸುವ ಪರಿಹಾರ. ಭಾರತದ ಸಂವಿಧಾನದಲ್ಲಿ ಇಂತಹ ಪರಿಹಾರದ ಹಕ್ಕನ್ನು ಹೆಸರಿಸಿ ಹೇಳಿದ ವಿಧಿಯಿಲ್ಲ. ಸರ್ವೋಚ್ಚ ನ್ಯಾಯಾಲಯವು 1983ರಿಂದೀಚೆಗೆ ಸಂವಿಧಾನದ 21, 32 ಮತ್ತು 226ನೇ ವಿಧಿಗಳನ್ನು ಅರ್ಥೈಸುತ್ತ ತೀರ್ಪುಗಳ ಮೂಲಕವೇ ಈ ಹಕ್ಕನ್ನು ರೂಪಿಸಿದೆ. ಕರ್ನಾಟಕದಲ್ಲಿ ಉಚ್ಚ ನ್ಯಾಯಾಲಯದ ಬೆಂಗಳೂರು ಪ್ರಧಾನ ಪೀಠ ಹಾಗೂ ಧಾರವಾಡ ಮತ್ತು ಕಲಬುರಗಿ ಪೀಠಗಳಲ್ಲಿ ಈ ಪರಿಹಾರವನ್ನು ಕೋರಬಹುದು. ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ ಮತ್ತು ಬಸವನ ಬಾಗೇವಾಡಿ ತಾಲ್ಲೂಕುಗಳು ಕಲಬುರಗಿ ಪೀಠದ ವ್ಯಾಪ್ತಿಗೆ ಸೇರುತ್ತವೆ.

ಅರ್ಥ ಮತ್ತು ವ್ಯಾಪ್ತಿ

ಬಂಧನವು ಕಾನೂನುಬಾಹಿರವಾಗುವ ಸಂದರ್ಭಗಳು ಹಲವು. ಅವುಗಳಲ್ಲಿ ಮುಖ್ಯವಾದವು ಇವು:

• ಪ್ರಕರಣವನ್ನೇ ದಾಖಲಿಸದೆ ವ್ಯಕ್ತಿಯನ್ನು ಠಾಣೆಯಲ್ಲಿ ಕೂರಿಸಿಕೊಳ್ಳುವುದು.
• ದಸ್ತಗಿರಿ ಮಾಡಿದ 24 ಗಂಟೆಗಳೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸದಿರುವುದು. ಪ್ರಯಾಣಕ್ಕೆ ಬೇಕಾದ ಸಮಯವನ್ನು ಈ ಲೆಕ್ಕದಿಂದ ಬಿಡಲಾಗುತ್ತದೆ.
• ದಸ್ತಗಿರಿಯ ಕಾರಣಗಳನ್ನು ತಿಳಿಸದಿರುವುದು.
• ವಾರಂಟಿನಲ್ಲಿ ಹೆಸರಿಸಿದ ವ್ಯಕ್ತಿಯ ಬದಲು ಬೇರೊಬ್ಬನನ್ನು ಹಿಡಿಯುವುದು.
• ಜಾಮೀನು ದೊರೆತ ಮೇಲೆ, ಶಿಕ್ಷೆಯ ಅವಧಿ ಮುಗಿದ ಮೇಲೆ ಅಥವಾ ಖುಲಾಸೆಯಾದ ಮೇಲೆಯೂ ಕಾರಾಗೃಹದಲ್ಲಿ ಉಳಿಸಿಕೊಳ್ಳುವುದು.

ಠಾಣೆಯ ಕೋಣೆಗೆ ಬೀಗ ಹಾಕಿದಾಗ ಮಾತ್ರ ಬಂಧನವಾಗುತ್ತದೆ ಎಂದು ತಿಳಿಯಬಾರದು. 'ವಿಚಾರಣೆಗೆಂದು ಕರೆದಿದ್ದೇವೆ' ಎಂದು ಹೇಳಿ, ಹೊರಹೋಗಲು ಬಿಡದೆ ಬೆಂಚಿನ ಮೇಲೆ ಎರಡು ದಿನ ಕೂರಿಸಿದರೂ ಅದು ಬಂಧನವೇ. ವ್ಯಕ್ತಿಗೆ ಎದ್ದುಹೋಗುವ ಸ್ವಾತಂತ್ರ್ಯವಿತ್ತೇ ಎಂಬುದೇ ಇಲ್ಲಿ ಪರೀಕ್ಷೆ.

ಸಂವಿಧಾನ ಮತ್ತು ಶಾಸನ

ಸಂವಿಧಾನದ 21ನೇ ವಿಧಿಯು, ಕಾನೂನು ನಿಗದಿಪಡಿಸಿದ ಕ್ರಮದ ಹೊರತು ಯಾರ ಜೀವವನ್ನಾಗಲಿ ವೈಯಕ್ತಿಕ ಸ್ವಾತಂತ್ರ್ಯವನ್ನಾಗಲಿ ಕಸಿಯುವಂತಿಲ್ಲ ಎಂದು ವಿಧಿಸುತ್ತದೆ. 22ನೇ ವಿಧಿಯು ದಸ್ತಗಿರಿಯ ಕಾರಣವನ್ನು ತಿಳಿಯುವ, ವಕೀಲರನ್ನು ಸಂಪರ್ಕಿಸುವ ಮತ್ತು 24 ಗಂಟೆಗಳೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರಾಗುವ ಹಕ್ಕುಗಳನ್ನು ನೀಡುತ್ತದೆ. ಈ ಹಕ್ಕುಗಳಿಗೆ ಭಂಗ ಬಂದಾಗ 32ನೇ ವಿಧಿಯಡಿ ಸರ್ವೋಚ್ಚ ನ್ಯಾಯಾಲಯಕ್ಕೆ, 226ನೇ ವಿಧಿಯಡಿ ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿ ಸಲ್ಲಿಸಬಹುದು.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯು ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ ಸ್ಥಾನವನ್ನು ಪಡೆದಿದೆ. ಅದರ 35ನೇ ಪ್ರಕರಣವು ದಸ್ತಗಿರಿಯ ಅಧಿಕಾರವನ್ನೂ ಮಿತಿಯನ್ನೂ, 47ನೇ ಪ್ರಕರಣವು ಕಾರಣ ತಿಳಿಸುವ ಕರ್ತವ್ಯವನ್ನೂ, 58ನೇ ಪ್ರಕರಣವು 24 ಗಂಟೆಗಳ ಗಡುವನ್ನೂ ಹೇಳುತ್ತವೆ. ಆಧಾರವಿಲ್ಲದೆ ದಸ್ತಗಿರಿಗೆ ಕಾರಣನಾದ ದೂರುದಾರನಿಂದ ಪರಿಹಾರ ಕೊಡಿಸುವ ಅಧಿಕಾರವನ್ನು 399ನೇ ಪ್ರಕರಣವು ಮ್ಯಾಜಿಸ್ಟ್ರೇಟರಿಗೆ ನೀಡಿದೆ. ಆದರೆ ಅದರ ಗರಿಷ್ಠ ಮೊತ್ತ 1,000 ರೂಪಾಯಿ ಮಾತ್ರ. ಹಳೆಯ ಸಂಹಿತೆಯ 358ನೇ ಪ್ರಕರಣದಲ್ಲಿದ್ದ ಮೊತ್ತವೇ ಹೊಸದರಲ್ಲಿಯೂ ಉಳಿದುಕೊಂಡಿದೆ. ಅಕ್ರಮವಾಗಿ ಕೂಡಿಹಾಕುವುದು ಭಾರತೀಯ ನ್ಯಾಯ ಸಂಹಿತೆಯ 127ನೇ ಪ್ರಕರಣದಡಿ ಅಪರಾಧ. ಕಾನೂನಿಗೆ ವಿರುದ್ಧವೆಂದು ತಿಳಿದೂ ಅಧಿಕಾರಿಯೊಬ್ಬನು ಯಾರನ್ನಾದರೂ ಬಂಧನದಲ್ಲಿಟ್ಟರೆ ಅದು 258ನೇ ಪ್ರಕರಣಕ್ಕೆ ಒಳಪಡುತ್ತದೆ.

ಅಂತರರಾಷ್ಟ್ರೀಯ ನಾಗರಿಕ ಮತ್ತು ರಾಜಕೀಯ ಹಕ್ಕುಗಳ ಒಡಂಬಡಿಕೆಯ 9(5)ನೇ ವಿಧಿಯು ಕಾನೂನುಬಾಹಿರ ಬಂಧನಕ್ಕೊಳಗಾದವರಿಗೆ ಪರಿಹಾರದ ಹಕ್ಕನ್ನು ಕೊಡುತ್ತದೆ. 1979ರಲ್ಲಿ ಭಾರತವು ಈ ಒಡಂಬಡಿಕೆಯನ್ನು ಸೇರಿದಾಗ, ತನ್ನ ಕಾನೂನು ವ್ಯವಸ್ಥೆಯಲ್ಲಿ ಅಂತಹ ಹಕ್ಕು ಇಲ್ಲವೆಂದು ಘೋಷಣೆ ಮಾಡಿತ್ತು. ಸರ್ಕಾರ ಇಲ್ಲವೆಂದ ಹಕ್ಕನ್ನು ನಾಲ್ಕೇ ವರ್ಷಗಳಲ್ಲಿ ನ್ಯಾಯಾಲಯವು ಜಾರಿಗೆ ತಂದಿತು.

ಇತಿಹಾಸ

ಸಾರ್ವಭೌಮ ವಿನಾಯಿತಿ

ರಾಜನು ತಪ್ಪು ಮಾಡಲಾರನೆಂಬ ಇಂಗ್ಲೆಂಡಿನ ಹಳೆಯ ತತ್ತ್ವವು ಬ್ರಿಟಿಷರ ಕಾಲದಿಂದ ಭಾರತದ ಕಾನೂನಿನಲ್ಲಿಯೂ ನೆಲೆಸಿತ್ತು. ಪೊಲೀಸರ ಅಧಿಕಾರವು ಸಾರ್ವಭೌಮ ಅಧಿಕಾರವಾದುದರಿಂದ ಅದರ ಚಲಾವಣೆಯಲ್ಲಾದ ತಪ್ಪಿಗೆ ಸರ್ಕಾರವು ನಷ್ಟ ಕಟ್ಟಿಕೊಡಬೇಕಾಗಿಲ್ಲವೆಂಬುದು ಇದರ ಸಾರ. ಮೀರತ್ ನಗರದಲ್ಲಿ ಪೊಲೀಸರು ವ್ಯಾಪಾರಿಯೊಬ್ಬರಿಂದ ವಶಪಡಿಸಿಕೊಂಡ ಚಿನ್ನವನ್ನು ಹೆಡ್ ಕಾನ್‌ಸ್ಟೇಬಲನೇ ಎತ್ತಿಕೊಂಡು ಪಾಕಿಸ್ತಾನಕ್ಕೆ ಓಡಿಹೋದ ಪ್ರಕರಣದಲ್ಲಿಯೂ ಸರ್ವೋಚ್ಚ ನ್ಯಾಯಾಲಯವು 1964ರಲ್ಲಿ ಸರ್ಕಾರವನ್ನು ಹೊಣೆ ಮಾಡಲಿಲ್ಲ. ಇದು ಕಸ್ತೂರಿಲಾಲ್ ಪ್ರಕರಣವೆಂದು ಹೆಸರಾಗಿದೆ.

ತುರ್ತು ಪರಿಸ್ಥಿತಿ

1975–77ರ ತುರ್ತು ಪರಿಸ್ಥಿತಿಯಲ್ಲಿ ಬಂಧಿತರಿಗೆ ಬಿಡುಗಡೆ ಕೋರುವ ದಾರಿಯೇ ಮುಚ್ಚಿಹೋಯಿತು. ಬೆಂಗಳೂರಿಗೆ ಬಂದಿದ್ದ ಅಟಲ್ ಬಿಹಾರಿ ವಾಜಪೇಯಿ, ಎಲ್. ಕೆ. ಆಡ್ವಾಣಿ ಮತ್ತು ಮಧು ದಂಡವತೆ ಅವರನ್ನು 1975ರ ಜೂನ್ 26ರಂದು ಅಲ್ಲಿಯೇ ಬಂಧಿಸಲಾಯಿತು. ಬಂಧಿತರ ಹೇಬಿಯಸ್ ಕಾರ್ಪಸ್ ಅರ್ಜಿಗಳು ವಿಚಾರಣೆಗೆ ಅರ್ಹವೆಂದ ಉಚ್ಚ ನ್ಯಾಯಾಲಯಗಳಲ್ಲಿ ಕರ್ನಾಟಕದ್ದೂ ಒಂದು. ಆದರೆ 1976ರ ಏಪ್ರಿಲ್ 28ರಂದು ಸರ್ವೋಚ್ಚ ನ್ಯಾಯಾಲಯವು ಎ.ಡಿ.ಎಂ. ಜಬಲ್‌ಪುರ ಪ್ರಕರಣದಲ್ಲಿ ಆ ಅಭಿಪ್ರಾಯವನ್ನು ತಳ್ಳಿಹಾಕಿತು. ನ್ಯಾಯಮೂರ್ತಿ ಎಚ್. ಆರ್. ಖನ್ನಾ ಒಬ್ಬರೇ ಭಿನ್ನಮತ ಬರೆದರು. ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿದ್ದ ನಟಿ ಸ್ನೇಹಲತಾ ರೆಡ್ಡಿ ತೀವ್ರ ಅಸ್ವಸ್ಥರಾಗಿ, ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ನಿಧನರಾದರು.

1978ರ 44ನೇ ತಿದ್ದುಪಡಿಯು, ತುರ್ತು ಪರಿಸ್ಥಿತಿಯಲ್ಲಿಯೂ 21ನೇ ವಿಧಿಯ ಜಾರಿಯನ್ನು ಅಮಾನತುಗೊಳಿಸುವಂತಿಲ್ಲವೆಂದು ವಿಧಿಸಿತು. ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ ಅರ್ಜಿದಾರರಾಗಿದ್ದ ಖಾಸಗಿತನದ ಪ್ರಕರಣದಲ್ಲಿ, 2017ರ ಆಗಸ್ಟ್ 24ರಂದು, ಜಬಲ್‌ಪುರ ತೀರ್ಪು ತಪ್ಪೆಂದು ಸರ್ವೋಚ್ಚ ನ್ಯಾಯಾಲಯವೇ ಸಾರಿತು.

ರುದುಲ್ ಸಾಹ ಪ್ರಕರಣ

ಬಿಹಾರದ ಮುಜಫ್ಫರ್‌ಪುರದ ಸೆಷನ್ಸ್ ನ್ಯಾಯಾಲಯವು ರುದುಲ್ ಸಾಹ ಅವರನ್ನು 1968ರ ಜೂನ್ 3ರಂದು ಖುಲಾಸೆ ಮಾಡಿತು. ಕಾರಾಗೃಹದಿಂದ ಅವರು ಹೊರಬಂದದ್ದು 1982ರ ಅಕ್ಟೋಬರ್ 16ರಂದು. ನಿರಪರಾಧಿಯೆಂದು ತೀರ್ಪಾದ ಮೇಲೂ ಹದಿನಾಲ್ಕು ವರ್ಷಕ್ಕಿಂತ ಹೆಚ್ಚು ಕಾಲ ಅವರು ಸೆರೆಯಲ್ಲಿದ್ದರು. ಅವರಿಗೆ ಚಿತ್ತಸ್ವಾಸ್ಥ್ಯವಿರಲಿಲ್ಲವೆಂಬ ಸರ್ಕಾರದ ಸಮಜಾಯಿಷಿಗೆ ನ್ಯಾಯಾಲಯವು ಯಾವ ಆಧಾರವನ್ನೂ ಕಾಣಲಿಲ್ಲ. ಮುಖ್ಯ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡ್ ನೇತೃತ್ವದ ಪೀಠವು 1983ರ ಆಗಸ್ಟ್ 1ರಂದು, ಆಗಲೇ ಪಾವತಿಯಾಗಿದ್ದ 5,000 ರೂಪಾಯಿಗಳ ಜೊತೆಗೆ 30,000 ರೂಪಾಯಿಗಳನ್ನು ತಾತ್ಕಾಲಿಕ ಪರಿಹಾರವಾಗಿ ಕೊಡುವಂತೆ ಆದೇಶಿಸಿತು. ಬಿಡುಗಡೆಯ ಆದೇಶವಷ್ಟೇ ಸಾಕಾದರೆ 21ನೇ ವಿಧಿಯ ಹಕ್ಕು ಹೆಸರಿಗೆ ಮಾತ್ರ ಉಳಿಯುತ್ತದೆಂಬುದು ತೀರ್ಪಿನ ತಿರುಳು. ಪೂರ್ಣ ನಷ್ಟಪರಿಹಾರಕ್ಕೆ ಸಿವಿಲ್ ದಾವೆ ಹೂಡುವ ಹಕ್ಕನ್ನು ಅದು ಮುಕ್ತವಾಗಿಯೇ ಇಟ್ಟಿತು.

ಅನಂತರದ ತೀರ್ಪುಗಳು

ವಿಧಾನಸಭೆಯ ಅಧಿವೇಶನಕ್ಕೆ ಹೊರಟಿದ್ದ ಜಮ್ಮು ಮತ್ತು ಕಾಶ್ಮೀರದ ಶಾಸಕ ಭೀಮ್ ಸಿಂಗ್ ಅವರನ್ನು ಮಾರ್ಗಮಧ್ಯದಲ್ಲಿ ಬಂಧಿಸಿದ್ದಕ್ಕಾಗಿ 1985ರಲ್ಲಿ 50,000 ರೂಪಾಯಿ ಪರಿಹಾರ ದೊರೆಯಿತು. ಪೊಲೀಸ್ ವಶದಲ್ಲಿದ್ದ ಮಗನನ್ನು ಕಳೆದುಕೊಂಡ ಒಡಿಶಾದ ತಾಯಿ ನೀಲಾಬತಿ ಬೆಹೆರಾ ಅವರ ಪ್ರಕರಣದಲ್ಲಿ 1993ರ ಮಾರ್ಚ್ 24ರಂದು 1,50,000 ರೂಪಾಯಿಗಳ ಆದೇಶವಾಯಿತು. ಮೂಲಭೂತ ಹಕ್ಕಿನ ಉಲ್ಲಂಘನೆಗೆ ರಿಟ್ ಅರ್ಜಿಯಲ್ಲಿ ಕೊಡುವ ಪರಿಹಾರವು ಸಾರ್ವಜನಿಕ ಕಾನೂನಿನ ಪರಿಹಾರ, ಅದಕ್ಕೆ ಸಾರ್ವಭೌಮ ವಿನಾಯಿತಿಯ ವಾದ ಅನ್ವಯಿಸದು ಎಂದು ಈ ತೀರ್ಪು ಸ್ಪಷ್ಟಪಡಿಸಿತು. ಕಸ್ತೂರಿಲಾಲ್ ತೀರ್ಪಿನ ಅಡ್ಡಿ ಹೀಗೆ ನಿವಾರಣೆಯಾಯಿತು. ಮುಂದೆ ಕರ್ನಾಟಕದ ಲೋಕಾಯುಕ್ತರಾಗಿ ಹೆಸರಾದ ನ್ಯಾಯಮೂರ್ತಿ ಎನ್. ವೆಂಕಟಾಚಲ ಅವರು ಈ ಪೀಠದ ಸದಸ್ಯರಲ್ಲಿ ಒಬ್ಬರಾಗಿದ್ದರು.

1996ರ ಡಿ. ಕೆ. ಬಸು ಪ್ರಕರಣದಲ್ಲಿ ದಸ್ತಗಿರಿಯ ವೇಳೆ ಪಾಲಿಸಬೇಕಾದ ಹನ್ನೊಂದು ಸೂಚನೆಗಳು ಹೊರಬಂದವು. ದಸ್ತಗಿರಿ ಪತ್ರ ಬರೆದು ಸಾಕ್ಷಿಯ ಸಹಿ ಪಡೆಯುವುದು, ಬಂಧುವಿಗೋ ಸ್ನೇಹಿತನಿಗೋ ಸುದ್ದಿ ಮುಟ್ಟಿಸುವುದು, ವೈದ್ಯಕೀಯ ತಪಾಸಣೆ ಮಾಡಿಸುವುದು ಇವುಗಳಲ್ಲಿ ಸೇರಿವೆ. 2014ರ ಅರ್ನೇಶ್ ಕುಮಾರ್ ತೀರ್ಪು, ಏಳು ವರ್ಷಗಳವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಯಾಂತ್ರಿಕವಾಗಿ ದಸ್ತಗಿರಿ ಮಾಡಬಾರದೆಂದು ವಿಧಿಸಿತು. 2018ರ ಸೆಪ್ಟೆಂಬರ್ 14ರಂದು ಇಸ್ರೋ ವಿಜ್ಞಾನಿ ನಂಬಿ ನಾರಾಯಣನ್ ಅವರಿಗೆ 50 ಲಕ್ಷ ರೂಪಾಯಿ ಕೊಡುವಂತೆ ಕೇರಳ ಸರ್ಕಾರಕ್ಕೆ ಆದೇಶವಾಯಿತು. ಶಿಕ್ಷೆಯ ಅವಧಿ ಮುಗಿದ ಮೇಲೂ ಸೆರೆಯಲ್ಲಿದ್ದ ಛತ್ತೀಸ್‌ಗಢದ ಕೈದಿಗೆ 2022ರಲ್ಲಿ 7.5 ಲಕ್ಷ ರೂಪಾಯಿ, ಜಾಮೀನು ದೊರೆತರೂ ಬಿಡುಗಡೆಯಾಗದ ಉತ್ತರ ಪ್ರದೇಶದ ಬಂಧಿತನಿಗೆ 2025ರಲ್ಲಿ 5 ಲಕ್ಷ ರೂಪಾಯಿ ದೊರೆತವು. ಜಾಮೀನು ಆದೇಶದಲ್ಲಿ ಕಾಯ್ದೆಯ ಒಂದು ಉಪಖಂಡದ ಉಲ್ಲೇಖವಿಲ್ಲವೆಂಬುದೇ ಈ ಕೊನೆಯ ಪ್ರಕರಣದ ವಿಳಂಬಕ್ಕೆ ಕಾರಣವಾಗಿತ್ತು.

ಕರ್ನಾಟಕದ ಪ್ರಕರಣಗಳು

ಮಲೆ ಮಹದೇಶ್ವರ ಬೆಟ್ಟ

ಕಾಡುಗಳ್ಳ ವೀರಪ್ಪನ್‌ನ ಶೋಧಕ್ಕಾಗಿ ಕರ್ನಾಟಕ ಮತ್ತು ತಮಿಳುನಾಡು ಸರ್ಕಾರಗಳು ನಿಯೋಜಿಸಿದ್ದ ವಿಶೇಷ ಕಾರ್ಯಪಡೆಗಳ ಮೇಲೆ ಗಡಿನಾಡಿನ ಹಳ್ಳಿಗರು ಅಕ್ರಮ ಬಂಧನ ಮತ್ತು ಚಿತ್ರಹಿಂಸೆಯ ದೂರುಗಳನ್ನು ನೀಡಿದರು. ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸದೆ ಶಿಬಿರಗಳಲ್ಲಿ ಇರಿಸಿಕೊಂಡರೆಂಬುದು ಅವುಗಳಲ್ಲಿ ಮುಖ್ಯವಾದುದು. ಟಾಡಾ ಕಾಯ್ದೆಯಡಿ ಮೈಸೂರಿನ ಕಾರಾಗೃಹದಲ್ಲಿ ವರ್ಷಗಟ್ಟಲೆ ಇದ್ದವರಲ್ಲಿ ಬಹುಪಾಲು ಜನರು 2001ರಲ್ಲಿ ಖುಲಾಸೆಯಾದರು. ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗವು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಎ. ಜೆ. ಸದಾಶಿವ ಅವರ ನೇತೃತ್ವದಲ್ಲಿ ವಿಚಾರಣಾ ಸಮಿತಿಯನ್ನು ನೇಮಿಸಿತು. ಅದರ ವರದಿಯ ಆಧಾರದ ಮೇಲೆ 2007ರ ಜನವರಿಯಲ್ಲಿ 89 ಮಂದಿ ಸಂತ್ರಸ್ತರಿಗೆ ಒಟ್ಟು 2.80 ಕೋಟಿ ರೂಪಾಯಿ ತಾತ್ಕಾಲಿಕ ಪರಿಹಾರವನ್ನು ಆಯೋಗವು ಶಿಫಾರಸು ಮಾಡಿತು.

ಉಚ್ಚ ನ್ಯಾಯಾಲಯದ ಇತ್ತೀಚಿನ ಆದೇಶಗಳು

ಚಿಕ್ಕೋಡಿ ಭಾಗದಲ್ಲಿ ಚೆಕ್ ಅಮಾನ್ಯ ಪ್ರಕರಣದ ವಾರಂಟಿನ ಮೇಲೆ ಹಿಡಿದ ಕಾನೂನು ವಿದ್ಯಾರ್ಥಿಯೊಬ್ಬನಿಗೆ ಕೈಕೋಳ ತೊಡಿಸಿ ಸಾರ್ವಜನಿಕರ ಕಣ್ಣೆದುರು ಕರೆದೊಯ್ದುದಕ್ಕಾಗಿ, 2022ರಲ್ಲಿ ಧಾರವಾಡ ಪೀಠವು 2 ಲಕ್ಷ ರೂಪಾಯಿ ಪರಿಹಾರವನ್ನು ಆದೇಶಿಸಿತು. ಅನಿವಾರ್ಯವಾದಾಗ ಮಾತ್ರ, ಕಾರಣವನ್ನು ದಾಖಲಿಸಿ ಕೈಕೋಳ ಬಳಸಬೇಕೆಂದೂ, ದಸ್ತಗಿರಿಗೆ ಹೋಗುವ ಪೊಲೀಸರಿಗೆ ದೇಹಕ್ಕೆ ಧರಿಸುವ ಕ್ಯಾಮೆರಾ ಒದಗಿಸಬೇಕೆಂದೂ ಪೀಠವು ಹೇಳಿತು. ತಂದೆಯ ಹೆಸರು ಒಂದೇ ಎಂಬ ಕಾರಣಕ್ಕೆ ವಾರಂಟಿನಲ್ಲಿ ಹೆಸರಿಲ್ಲದ ವ್ಯಕ್ತಿಯನ್ನು ಹಿಡಿದ ಇನ್ನೊಂದು ಪ್ರಕರಣದಲ್ಲಿ ಅದೇ ವರ್ಷ 5 ಲಕ್ಷ ರೂಪಾಯಿಗಳ ಆದೇಶವಾಯಿತು. ದಸ್ತಗಿರಿಗೆ ಮುನ್ನ ವ್ಯಕ್ತಿಯ ಗುರುತನ್ನು ಖಚಿತಪಡಿಸಿಕೊಳ್ಳುವ ಬಗೆಗೆ ಮಾರ್ಗಸೂಚಿ ಇರಬೇಕೆಂದೂ ನ್ಯಾಯಾಲಯವು ಸೂಚಿಸಿತು. ಒಂದೇ ಊರಿನಲ್ಲಿ ಒಂದೇ ಹೆಸರಿನವರು ಹಲವರಿರುವ ಉತ್ತರ ಕರ್ನಾಟಕದ ಹಳ್ಳಿಗಳಿಗೆ ಈ ಆದೇಶವು ವಿಶೇಷವಾಗಿ ಸಲ್ಲುತ್ತದೆ. ದಕ್ಷಿಣ ಕನ್ನಡ ಜಿಲ್ಲೆಯ ಯುವ ವಕೀಲರೊಬ್ಬರ ಅಕ್ರಮ ದಸ್ತಗಿರಿಗೆ 2023ರಲ್ಲಿ 3 ಲಕ್ಷ ರೂಪಾಯಿ ಪರಿಹಾರ ವಿಧಿಸಿದ ನ್ಯಾಯಾಲಯವು, ಆ ಹಣವನ್ನು ತಪ್ಪಿತಸ್ಥ ಅಧಿಕಾರಿಗಳಿಂದ ವಸೂಲು ಮಾಡಲು ಸೂಚಿಸಿತು.

ಹೊರದೇಶದಲ್ಲಿ

ಮೂಡಿಗೆರೆ ಮೂಲದ ವೈದ್ಯ ಮೊಹಮ್ಮದ್ ಹನೀಫ್ ಅವರನ್ನು ಭಯೋತ್ಪಾದನೆಗೆ ನೆರವಾದ ಶಂಕೆಯ ಮೇಲೆ 2007ರ ಜುಲೈ 2ರಂದು ಆಸ್ಟ್ರೇಲಿಯಾದ ಬ್ರಿಸ್ಬೇನ್ ವಿಮಾನ ನಿಲ್ದಾಣದಲ್ಲಿ ಬಂಧಿಸಲಾಯಿತು. ಬಂಧುವಿಗೆ ಕೊಟ್ಟಿದ್ದ ಸಿಮ್ ಕಾರ್ಡೇ ಆರೋಪಕ್ಕೆ ಆಧಾರವಾಗಿತ್ತು. ಜುಲೈ 27ರಂದು ಆರೋಪವನ್ನು ಕೈಬಿಡಲಾಯಿತು. ಅಲ್ಲಿನ ಸರ್ಕಾರವು ನೇಮಿಸಿದ ಕ್ಲಾರ್ಕ್ ವಿಚಾರಣೆಯು ಅವರ ವಿರುದ್ಧ ಸಾಕ್ಷ್ಯವಿರಲಿಲ್ಲವೆಂದು 2008ರಲ್ಲಿ ವರದಿ ಮಾಡಿತು. 2010ರ ಡಿಸೆಂಬರಿನಲ್ಲಿ ಸಂಧಾನದ ಮೂಲಕ ಪರಿಹಾರ ಇತ್ಯರ್ಥವಾಯಿತು. ಮೊತ್ತವನ್ನು ಬಹಿರಂಗಪಡಿಸಲಿಲ್ಲ.

ಖುಲಾಸೆ ಮತ್ತು ಪರಿಹಾರ

ಖುಲಾಸೆಯಾದ ಮಾತ್ರಕ್ಕೆ ಹಿಂದಿನ ಬಂಧನವು ಕಾನೂನುಬಾಹಿರವಾಗುವುದಿಲ್ಲ. ಮ್ಯಾಜಿಸ್ಟ್ರೇಟರ ಆದೇಶದ ಮೇಲೆ ನ್ಯಾಯಾಂಗ ಬಂಧನದಲ್ಲಿದ್ದ ಕಾಲಕ್ಕೆ ಆ ಆದೇಶವೇ ಕಾನೂನಿನ ಆಧಾರ. ಈ ಎರಡರ ವ್ಯತ್ಯಾಸವನ್ನು ಗಮನಿಸದೆ ಸಲ್ಲಿಸಿದ ಅರ್ಜಿಗಳು ಬಹಳಷ್ಟು ವಿಫಲವಾಗುತ್ತವೆ. ಗುಜರಾತಿನ ಅಕ್ಷರಧಾಮ ದಾಳಿ ಪ್ರಕರಣದಲ್ಲಿ 2014ರ ಮೇ 16ರಂದು ಸರ್ವೋಚ್ಚ ನ್ಯಾಯಾಲಯದಿಂದಲೇ ಖುಲಾಸೆಯಾದವರು ಪರಿಹಾರ ಕೋರಿದಾಗ, 2016ರಲ್ಲಿ ಅದೇ ನ್ಯಾಯಾಲಯವು ನಿರಾಕರಿಸಿತು. ಕಲಬುರಗಿಯಲ್ಲಿ ಔಷಧವಿಜ್ಞಾನ ಓದುತ್ತಿದ್ದ ವಿದ್ಯಾರ್ಥಿಯೊಬ್ಬರು 1994ರಲ್ಲಿ ಬಂಧಿತರಾಗಿ, ಸರ್ವೋಚ್ಚ ನ್ಯಾಯಾಲಯದ ತೀರ್ಪಿನಿಂದ ಹೊರಬಂದದ್ದು 2016ರಲ್ಲಿ. ಯೌವನವೆಲ್ಲ ಸೆರೆಮನೆಯಲ್ಲಿ ಕಳೆದ ಇಂತಹವರಿಗೆ ತಾನಾಗಿಯೇ ಪರಿಹಾರ ಕೊಡುವ ಶಾಸನ ಭಾರತದಲ್ಲಿಲ್ಲ.

ನ್ಯಾಯಮೂರ್ತಿ ಬಿ. ಎಸ್. ಚೌಹಾಣ್ ಅಧ್ಯಕ್ಷತೆಯ ಕಾನೂನು ಆಯೋಗವು 2018ರ ಆಗಸ್ಟಿನಲ್ಲಿ ಸಲ್ಲಿಸಿದ 277ನೇ ವರದಿಯಲ್ಲಿ, ದುರುದ್ದೇಶದ ಮೊಕದ್ದಮೆಗೆ ಗುರಿಯಾದವರಿಗೆ ಶಾಸನಬದ್ಧ ಪರಿಹಾರವನ್ನೂ ಅದಕ್ಕಾಗಿ ವಿಶೇಷ ನ್ಯಾಯಾಲಯಗಳನ್ನೂ ಶಿಫಾರಸು ಮಾಡಿತು. 2023ರಲ್ಲಿ ಅಂಗೀಕಾರವಾದ ಹೊಸ ಸಂಹಿತೆಯಲ್ಲಿ ಈ ಶಿಫಾರಸಿಗೆ ಸ್ಥಾನ ದೊರೆಯಲಿಲ್ಲ.

ಪರಿಹಾರ ಕೋರುವ ಮಾರ್ಗಗಳು

ಇಂಡಿ, ಸಿಂದಗಿ, ಮುದ್ದೇಬಿಹಾಳ ಮತ್ತು ಬಸವನ ಬಾಗೇವಾಡಿ ಪಟ್ಟಣಗಳಲ್ಲಿ ಸಿವಿಲ್ ಮತ್ತು ಪ್ರಥಮ ದರ್ಜೆ ನ್ಯಾಯಿಕ ದಂಡಾಧಿಕಾರಿಗಳ ನ್ಯಾಯಾಲಯಗಳಿವೆ. ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಲಯವು ವಿಜಯಪುರದಲ್ಲಿದೆ. ಕಲಬುರಗಿ ಪೀಠವು 2008ರಲ್ಲಿ ಸಂಚಾರಿ ಪೀಠವಾಗಿ ಆರಂಭಗೊಂಡು 2013ರಲ್ಲಿ ಖಾಯಂ ಆಯಿತು. ಅದಕ್ಕೂ ಮೊದಲು ಈ ತಾಲ್ಲೂಕುಗಳ ಜನರು ರಿಟ್ ಅರ್ಜಿಗಾಗಿ ಬೆಂಗಳೂರಿಗೇ ಹೋಗಬೇಕಾಗಿತ್ತು.

• ಹೇಬಿಯಸ್ ಕಾರ್ಪಸ್: ವ್ಯಕ್ತಿಯು ಇನ್ನೂ ಅಕ್ರಮ ಬಂಧನದಲ್ಲಿರುವಾಗ ಬಂಧುವೋ ಸ್ನೇಹಿತನೋ ಉಚ್ಚ ನ್ಯಾಯಾಲಯಕ್ಕೆ ಸಲ್ಲಿಸಬಹುದಾದ ಅರ್ಜಿ.
• ಪರಿಹಾರ ಕೋರುವ ರಿಟ್ ಅರ್ಜಿ: ಬಿಡುಗಡೆಯ ಅನಂತರವೂ 226ನೇ ವಿಧಿಯಡಿ ಸಲ್ಲಿಸಬಹುದು. ಉಲ್ಲಂಘನೆಯು ದಾಖಲೆಗಳಿಂದಲೇ ಎದ್ದು ಕಾಣುವಂತಿರಬೇಕು.
• ಸಿವಿಲ್ ದಾವೆ: ಸಾಕ್ಷಿ ವಿಚಾರಣೆ ಬೇಕಾದಾಗ ಇದು ಸೂಕ್ತ. ಅಕ್ರಮ ಬಂಧನದ ದಾವೆಯನ್ನು ಬಂಧನ ಮುಗಿದ ದಿನದಿಂದ, ದುರುದ್ದೇಶದ ಮೊಕದ್ದಮೆಯ ದಾವೆಯನ್ನು ಖುಲಾಸೆಯ ದಿನದಿಂದ ಒಂದು ವರ್ಷದೊಳಗೆ ಹೂಡಬೇಕು.
• ಮಾನವ ಹಕ್ಕುಗಳ ಆಯೋಗ: ಬೆಂಗಳೂರಿನ ರಾಜ್ಯ ಆಯೋಗಕ್ಕೆ ಘಟನೆಯಿಂದ ಒಂದು ವರ್ಷದೊಳಗೆ ದೂರು ಕೊಡಬಹುದು. ಆಯೋಗವು ಪರಿಹಾರವನ್ನು ಶಿಫಾರಸು ಮಾಡುತ್ತದೆ.
• ಪೊಲೀಸ್ ದೂರು ಪ್ರಾಧಿಕಾರ: 2012ರ ತಿದ್ದುಪಡಿಯಿಂದ ರಾಜ್ಯ ಮತ್ತು ಜಿಲ್ಲಾ ಮಟ್ಟದಲ್ಲಿ ಅವಕಾಶ ಕಲ್ಪಿಸಲಾಗಿದೆ. ಅಧಿಕಾರಿಯ ದುರ್ನಡತೆಯ ದೂರು ಇಲ್ಲಿಗೆ ಸಲ್ಲುತ್ತದೆ.

ಅಧಿಕಾರಿಯ ಮೇಲೆ ಕ್ರಿಮಿನಲ್ ಮೊಕದ್ದಮೆ ಹೂಡಲು, ಕೃತ್ಯವು ಕರ್ತವ್ಯಕ್ಕೆ ಸಂಬಂಧಿಸಿದ್ದಾದರೆ, ಸರ್ಕಾರದ ಪೂರ್ವಾನುಮತಿ ಬೇಕು. ಕರ್ನಾಟಕ ಪೊಲೀಸ್ ಕಾಯ್ದೆ, 1963ರ 170ನೇ ಪ್ರಕರಣದ ಈ ರಕ್ಷಣೆಯನ್ನು ಸರ್ವೋಚ್ಚ ನ್ಯಾಯಾಲಯವು 2020ರ ಡಿ. ದೇವರಾಜ ಪ್ರಕರಣದಲ್ಲಿ ವಿವರಿಸಿದೆ. ಪರಿಹಾರ ಕೋರುವ ರಿಟ್ ಅರ್ಜಿಗೆ ಇಂತಹ ಅನುಮತಿ ಬೇಕಿಲ್ಲ.

ದುಡಿಮೆಗಾಗಿ ಮಹಾರಾಷ್ಟ್ರಕ್ಕೋ ಗೋವಾಕ್ಕೋ ಗುಳೆ ಹೋಗುವವರು ಈ ತಾಲ್ಲೂಕುಗಳಲ್ಲಿ ಅನೇಕರಿದ್ದಾರೆ. ಬಂಧನವು ಆ ರಾಜ್ಯಗಳಲ್ಲಿ ನಡೆದರೆ ಸಾಮಾನ್ಯವಾಗಿ ಬಾಂಬೆ ಉಚ್ಚ ನ್ಯಾಯಾಲಯವನ್ನು ಸಂಪರ್ಕಿಸಬೇಕಾಗುತ್ತದೆ. ದಸ್ತಗಿರಿಯ ಕಾರಣಗಳನ್ನು ಬಂಧಿತನಿಗೆ ಅರ್ಥವಾಗುವ ಭಾಷೆಯಲ್ಲಿ ಬರಹದ ಮೂಲಕ ಕೊಡಬೇಕೆಂದು 2025ರ ನವೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ವಿಧಿಸಿದೆ. ಕನ್ನಡ ಮಾತ್ರ ಬಲ್ಲ ಕಾರ್ಮಿಕನಿಗೆ ಮರಾಠಿಯ ಕಾಗದ ಕೊಟ್ಟು ಸಹಿ ಹಾಕಿಸಿಕೊಂಡರೆ ಈ ಕರ್ತವ್ಯ ಪೂರ್ಣವಾಗುವುದಿಲ್ಲ.

ಸಾಕ್ಷ್ಯ

ಪರಿಹಾರದ ಅರ್ಜಿಗಳಲ್ಲಿ ನಿರ್ಣಾಯಕವಾಗುವುದು ಬಂಧನ ಆರಂಭವಾದ ಸಮಯ. ಠಾಣೆಯ ದಾಖಲೆಯಲ್ಲಿ ಮರುದಿನದ ಸಮಯ ನಮೂದಾಗಿದ್ದರೆ ಅದನ್ನು ಅಲ್ಲಗಳೆಯಲು ಬೇರೆ ಆಧಾರ ಬೇಕಾಗುತ್ತದೆ. 2020ರ ಡಿಸೆಂಬರ್ 2ರ ಸರ್ವೋಚ್ಚ ನ್ಯಾಯಾಲಯದ ಆದೇಶದಂತೆ ಪ್ರತಿ ಠಾಣೆಯಲ್ಲಿಯೂ ಸಿಸಿಟಿವಿ ಇರಬೇಕು ಮತ್ತು ದೃಶ್ಯಗಳನ್ನು 18 ತಿಂಗಳು, ಅದು ಸಾಧ್ಯವಾಗದಿದ್ದರೆ ಕನಿಷ್ಠ ಒಂದು ವರ್ಷ ಕಾಯ್ದಿಡಬೇಕು. ವ್ಯಕ್ತಿಯ ಜೀವ ಅಥವಾ ಸ್ವಾತಂತ್ರ್ಯಕ್ಕೆ ಸಂಬಂಧಿಸಿದ ಮಾಹಿತಿಯನ್ನು ಮಾಹಿತಿ ಹಕ್ಕು ಕಾಯ್ದೆ, 2005ರ ಪ್ರಕಾರ 48 ಗಂಟೆಗಳೊಳಗೆ ಕೊಡಬೇಕು. ಮೊದಲ ಸಲ ಮ್ಯಾಜಿಸ್ಟ್ರೇಟರ ಮುಂದೆ ನಿಂತಾಗ, ಹಿಡಿದ ದಿನ ಮತ್ತು ವೇಳೆಯನ್ನೂ ಗಾಯಗಳಿದ್ದರೆ ಅವನ್ನೂ ಬಾಯಿಬಿಟ್ಟು ಹೇಳುವುದು ಮುಖ್ಯ. ಅಲ್ಲಿ ದಾಖಲಾದ ಮಾತು ಮುಂದೆ ಬಲವಾದ ಸಾಕ್ಷ್ಯವಾಗುತ್ತದೆ.

ಬಂಧನದಲ್ಲಿರುವ ಪ್ರತಿಯೊಬ್ಬರೂ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆ, 1987ರ 12ನೇ ಪ್ರಕರಣದಡಿ ಉಚಿತ ವಕೀಲರ ನೆರವಿಗೆ ಅರ್ಹರು. ತಾಲ್ಲೂಕು ನ್ಯಾಯಾಲಯದ ಆವರಣದಲ್ಲಿರುವ ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಅರ್ಜಿ ಕೊಡಬಹುದು. ರಾಷ್ಟ್ರೀಯ ಸಹಾಯವಾಣಿಯ ಸಂಖ್ಯೆ 15100.

ಮೊತ್ತದ ನಿರ್ಧಾರ

ದಿನಕ್ಕಿಷ್ಟೆಂಬ ನಿಗದಿತ ದರ ಭಾರತದಲ್ಲಿಲ್ಲ. ಸರ್ವೋಚ್ಚ ನ್ಯಾಯಾಲಯವು 2006ರ ಸೂಬೆ ಸಿಂಗ್ ಪ್ರಕರಣದಲ್ಲಿ, ಉಲ್ಲಂಘನೆಯು ಸ್ಪಷ್ಟವೂ ನಿರ್ವಿವಾದವೂ ಆಗಿದೆಯೇ, ಅದು ಅಂತಃಸಾಕ್ಷಿಯನ್ನು ಕಲಕುವಷ್ಟು ಗಂಭೀರವೇ ಎಂಬುದನ್ನು ಪರಿಶೀಲಿಸಬೇಕೆಂದಿದೆ. ಬಂಧನದ ಅವಧಿ, ಅವಮಾನ, ಗಾಯ, ಕಳೆದುಕೊಂಡ ದುಡಿಮೆ ಇವು ಲೆಕ್ಕಕ್ಕೆ ಬರುತ್ತವೆ. ಉತ್ತರ ಪ್ರದೇಶದಲ್ಲಿ ಶಾಂತಿಭಂಗದ ಮುನ್ನೆಚ್ಚರಿಕೆಯ ಹೆಸರಿನಲ್ಲಿ ಅಕ್ರಮವಾಗಿ ಬಂಧಿತರಾದವರಿಗೆ 25,000 ರೂಪಾಯಿ ಕೊಡುವ ನೀತಿಯು 2021ರಲ್ಲಿ ಅಲಹಾಬಾದ್ ಉಚ್ಚ ನ್ಯಾಯಾಲಯದ ಮುಂದೆ ಬಂದ ಪ್ರಕರಣದಿಂದ ರೂಪುಗೊಂಡಿತು.

ಇತರ ದೇಶಗಳಲ್ಲಿ

ಜರ್ಮನಿಯಲ್ಲಿ ಅನ್ಯಾಯದ ಸೆರೆವಾಸಕ್ಕೆ, ಆರ್ಥಿಕ ನಷ್ಟವಲ್ಲದೆ, ದಿನಕ್ಕೆ 75 ಯೂರೋ ಪರಿಹಾರವನ್ನು 2020ರಿಂದ ನಿಗದಿಪಡಿಸಲಾಗಿದೆ. ಅಮೆರಿಕದ ಒಕ್ಕೂಟ ಕಾನೂನಿನಲ್ಲಿ ತಪ್ಪಾಗಿ ಶಿಕ್ಷೆಗೊಳಗಾದವರಿಗೆ ವರ್ಷಕ್ಕೆ 50,000 ಡಾಲರ್, ಮರಣದಂಡನೆಯ ನೆರಳಿನಲ್ಲಿ ಕಳೆದ ವರ್ಷಕ್ಕೆ 1,00,000 ಡಾಲರ್ ಮಿತಿಯಿದೆ. ಬ್ರಿಟನ್ನಿನಲ್ಲಿ 1988ರ ಕ್ರಿಮಿನಲ್ ನ್ಯಾಯ ಕಾಯ್ದೆಯ 133ನೇ ಪ್ರಕರಣವು ಪರಿಹಾರಕ್ಕೆ ಅವಕಾಶ ನೀಡುತ್ತದೆ.

ಟೀಕೆ

ಒಂದೇ ಬಗೆಯ ಉಲ್ಲಂಘನೆಗೆ ಒಂದು ಪೀಠ ಕೊಡುವ ಮೊತ್ತಕ್ಕೂ ಇನ್ನೊಂದು ಕೊಡುವುದಕ್ಕೂ ಹೊಂದಿಕೆಯಿಲ್ಲವೆಂಬುದು ಮುಖ್ಯ ಆಕ್ಷೇಪ. ಪರಿಹಾರವು ನ್ಯಾಯಾಲಯದ ವಿವೇಚನೆಗೆ ಬಿಟ್ಟದ್ದಾಗಿರುವವರೆಗೆ ಅದನ್ನು ಹಕ್ಕೆನ್ನುವುದು ಕಷ್ಟ. ಹಣವು ಬೊಕ್ಕಸದಿಂದ ಹೋಗುವುದರಿಂದ, ಅಧಿಕಾರಿಯಿಂದ ವಸೂಲಾಗದಿದ್ದರೆ ತಪ್ಪಿಗೆ ತೆರಿಗೆದಾರರೇ ದಂಡ ತೆರುತ್ತಾರೆ. ಎಲ್ಲಕ್ಕಿಂತ ಮಿಗಿಲಾಗಿ, ಈ ಮಾರ್ಗವು ಉಚ್ಚ ನ್ಯಾಯಾಲಯದವರೆಗೆ ಹೋಗಬಲ್ಲವರಿಗೆ ಮಾತ್ರ ತೆರೆದಿದೆ. ಎರಡು ದಿನ ಠಾಣೆಯಲ್ಲಿ ಕೂತು ಬಂದ ಕೂಲಿಕಾರನು ಕಲಬುರಗಿಗೆ ಹೋಗಿ ಬರಲು ಇನ್ನಷ್ಟು ದಿನಗಳ ಕೂಲಿಯನ್ನು ಬಿಡಬೇಕು. ತಾಲ್ಲೂಕಿನ ನ್ಯಾಯಾಲಯದಲ್ಲಿ ಅವನಿಗೆ ಸುಲಭವಾಗಿ ಸಿಗಬಹುದಾದ ಪರಿಹಾರದ ಮಿತಿಯು ಈಗಲೂ 1,000 ರೂಪಾಯಿಯೇ ಆಗಿದೆ.

ಇವನ್ನೂ ನೋಡಿ

• ಹೇಬಿಯಸ್ ಕಾರ್ಪಸ್
• ಭಾರತದ ಸಂವಿಧಾನದ ಮೂಲಭೂತ ಹಕ್ಕುಗಳು
• ತುರ್ತು ಪರಿಸ್ಥಿತಿ (ಭಾರತ)
• ಕರ್ನಾಟಕ ಉಚ್ಚ ನ್ಯಾಯಾಲಯ
• ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ
• ವಿಜಯಪುರ ಜಿಲ್ಲೆ